ಗುಬ್ಬಿಯ ಮೂಕಿ ಚಿತ್ರ, ಕುಣಿಗಲ್ಲಿನ ಕ್ಯಾಸೆಟ್ಟು

ಇವತ್ತಿನ ಕಥೆ ಶುರುವಾಗೋದು ಕುಣಿಗಲ್ಲಿನಲ್ಲಿ, ನಮ್ಮಜ್ಜಿ ಮನೆ ಅಟ್ಟದ ಮೇಲೆ. ಮನೆಗೆ ಸುಣ್ಣ ಬಳಿಸೋಕೆ ಅಂತ ಸಾಮಾನು ಇಳಿಸ್ತಿದ್ದಾಗ ಟ್ರಂಕಿನೊಳಗೆ ಒಂದು ವಿಎಚ್‌ಎಸ್ ಕ್ಯಾಸೆಟ್ಟು ಸಿಕ್ತು. ಅಪ್ಪ-ಅಮ್ಮನ ಮದುವೆಯದು. ಟೇಪಿನ ಮೇಲೆಲ್ಲ ಬೆಳ್ಳಗೆ ಬೂಸ್ಟು. "ಎಸಿ ಅತ್ಲಾಗೆ" ಅಂದ್ರು ಅಜ್ಜಿ. ನಾನು ಎಸೀಲಿಲ್ಲ. ಯಾಕೆ ಅಂತ ಹೇಳ್ಬೇಕಾದ್ರೆ ಮೊದಲು ಗುಬ್ಬಿಗೆ ಹೋಗ್ಬೇಕು.

ತುಮಕೂರಿನ ಗುಬ್ಬಿ ವೀರಣ್ಣ ಕಲಾಕ್ಷೇತ್ರ ನಮಗೆಲ್ಲ ಗೊತ್ತು. ಅಲ್ಲಿ ಶಾಲೆ ಡ್ಯಾನ್ಸ್ ಮಾಡಿದವರೂ ಇದ್ದೀರಿ. ಆದ್ರೆ ಆ ವೀರಣ್ಣ ಸಿನಿಮಾ ಪ್ರಯೋಗಕ್ಕೂ ಇಳಿದಿದ್ರು ಅನ್ನೋದು ಎಷ್ಟು ಜನಕ್ಕೆ ಗೊತ್ತು? 1884ರಲ್ಲಿ ಹುಟ್ಟಿದ ಗುಬ್ಬಿ ಕಂಪನಿಗೆ ಅವರು ಬಂದಿದ್ದು ಬಾಲನಟನಾಗಿ. 1917ರ ಹೊತ್ತಿಗೆ ಅದರ ಮಾಲೀಕರು. 'ಕುರುಕ್ಷೇತ್ರ' ನಾಟಕಕ್ಕೆ ನಿಜವಾದ ಆನೆ, ಕುದುರೆಗಳನ್ನೇ ರಂಗದ ಮೇಲೆ ತಂದವರು.

1930ರ ಆಸುಪಾಸಿನಲ್ಲಿ ಇದೇ ವೀರಣ್ಣ ಮೂಕಿ ಚಿತ್ರಗಳಿಗೆ ದುಡ್ಡು ಹಾಕಿದ್ರು: 'ಹಿಸ್ ಲವ್ ಅಫೇರ್', 'ಸಾಂಗ್ ಆಫ್ ಲೈಫ್', 'ಹರಿಮಾಯಾ'. ಕನ್ನಡ ಇನ್ನೂ ತೆರೆ ಮೇಲೆ ಮಾತಾಡೇ ಇರಲಿಲ್ಲ. ಮುಂದೆ 1954ರಲ್ಲಿ 'ಬೇಡರ ಕಣ್ಣಪ್ಪ' ಬಂದಾಗ ಅದರ ನಾಯಕ ರಾಜ್‌ಕುಮಾರ್ ಕೂಡ ಇದೇ ಕಂಪನಿಯಲ್ಲಿ ಪಳಗಿದವರು.

ಈಗ ಆ ಮೂಕಿಗಳನ್ನ ಫೋನಿನಲ್ಲಿ ಹುಡುಕಿ. ನಾನಂತೂ ಹುಡುಕಿ ಹುಡುಕಿ ಸೋತೆ. ಮೊದಲ ಕನ್ನಡ ಟಾಕಿ, 1934ರ 'ಸತಿ ಸುಲೋಚನ'ದ ಒಂದು ಪ್ರಿಂಟೂ ಉಳಿದಿಲ್ಲ. ಆ ಕಾಲದ ರೀಲು ನೈಟ್ರೇಟಿನದು. ಬೇಗ ಹೊತ್ತಿಕೊಳ್ಳುತ್ತೆ, ಸುಮ್ನೆ ಇಟ್ಟರೂ ಕೊಳೆಯುತ್ತೆ. ಅದರಲ್ಲಿದ್ದ ಬೆಳ್ಳಿಗೋಸ್ಕರ ರೀಲು ಕರಗಿಸಿದ್ದೂ ಉಂಟು. ದೇಶದಲ್ಲಿ ತಯಾರಾದ ಸಾವಿರಕ್ಕೂ ಹೆಚ್ಚು ಮೂಕಿಗಳಲ್ಲಿ ಉಳಿದಿರೋದು ತೀರಾ ಕಡಿಮೆ.

ದೊಡ್ಡ ಕಂಪನಿಗಳ ಸಿನಿಮಾದ್ದೇ ಈ ಗತಿ ಆದ್ರೆ ಮನೆಮಂದಿ ತೆಗೆದ ರೀಲಿನ ಗತಿ ಏನು? ಈ ಪ್ರಶ್ನೆ ಹಿಡಿದು ಹೊರಟವರು ಬೆಂಗಳೂರಿನ ಪ್ರಯೋಗಶೀಲ ಕಲಾವಿದೆ ಆಯಿಷಾ ಅಬ್ರಹಾಂ. ಅವರು ಹೊಸದಾಗಿ ಶೂಟ್ ಮಾಡೋದಕ್ಕಿಂತ, ಹವ್ಯಾಸಿಗಳು ತೆಗೆದಿಟ್ಟ ಹಳೇ ರೀಲುಗಳನ್ನ ಹುಡುಕಿ, ಮರುಜೋಡಿಸಿ ಕಲಾಕೃತಿ ಮಾಡ್ತಾರೆ. ಅವರ 'ಸ್ಟ್ರೇಟ್ 8' ಚಿತ್ರ ಬಂದಿದ್ದು 2005ರಲ್ಲಿ. ಅದು ಬೆಂಗಳೂರಿನ ಆಂಗ್ಲೋ-ಇಂಡಿಯನ್ ಹವ್ಯಾಸಿ ಟಾಮ್ ಡಿ'ಅಗ್ವಿಯಾರ್ ತೆಗೆದ 8 ಎಂಎಂ ರೀಲುಗಳ ಮೇಲೆ ನಿಂತಿದೆ. ಯಾವ ಸ್ಟುಡಿಯೋನೂ ಲೆಕ್ಕಕ್ಕೆ ತಗೊಳ್ಳದ ಮನೆ ರೀಲು ಅವರ ಕೈಯಲ್ಲಿ ಊರಿನ ಚರಿತ್ರೆ ಆಗುತ್ತೆ.

ನಾನು ಕ್ಯಾಸೆಟ್ಟು ಎಸೆಯದೇ ಇದ್ದಿದ್ದು ಇದಕ್ಕೇ. ಬೂಸ್ಟು ಒರೆಸಿ ಡಿಜಿಟಲ್ ಮಾಡಿಸಿದೆ. ಅರ್ಧಕ್ಕರ್ಧ ಬರೀ ಗೆರೆಗಳು. ನಡುವೆ ಎಲ್ಲೋ ಪಂಚೆ ಎತ್ತಿ ಕಟ್ಟಿಕೊಂಡು, ಬಾಳೆಲೆ ಕಟ್ಟು ಹಿಡಿದು ಒಬ್ಬರು ಹಾದುಹೋಗ್ತಾರೆ. ಐದಾರು ಸೆಕೆಂಡು ಅಷ್ಟೇ. ನಾನು ಹುಟ್ಟೋ ಮುಂಚೆನೇ ತೀರಿಹೋದ ಅಜ್ಜ. ಫೋಟೋಗಳಲ್ಲೆಲ್ಲ ಅವರು ಕುರ್ಚಿ ಮೇಲೆ ಬಿಗಿಯಾಗಿ ಕೂತಿದ್ದಾರೆ. ನಡೆಯೋದು ಇದೊಂದರಲ್ಲೇ.

ಅಜ್ಜಿಗೆ ತೋರಿಸಿದೆ. ಸ್ವಲ್ಪ ಹೊತ್ತು ಮಾತಿಲ್ಲ. ಆಮೇಲೆ, "ಎಡಗಾಲು ಎಳೆದು ಎಳೆದು ಹಾಕ್ತಿದ್ರು ನೋಡು, ಮರೆತೇ ಹೋಗಿತ್ತು ನಂಗೆ. ಇನ್ನೊಂದ್ಸಲ ಹಾಕು" ಅಂದ್ರು.

ನಿಮ್ಮನೆ ಅಟ್ಟದಲ್ಲೂ ಇಂಥದ್ದೊಂದು ಇರಬಹುದು. ಬೂಸ್ಟು ಹಿಡಿದಿದ್ರೆ ಹಾಗೇ ಪ್ಲೇಯರ್‌ಗೆ ಹಾಕ್ಬೇಡಿ, ಟೇಪೂ ಹಾಳು, ಪ್ಲೇಯರೂ ಹಾಳು. ಮೊದಲು ಗೊತ್ತಿರೋರ ಹತ್ರ ಕ್ಲೀನ್ ಮಾಡಿಸಿ. ಆಮೇಲೆ ಮನೆಯ ಹಿರಿಯರ ಪಕ್ಕ ಕೂತು ನೋಡಿ. ಯಾರು ಯಾರು ಅಂತ ಹೆಸರು ಹೇಳೋರು ಅವರೊಬ್ಬರೇ. ಮತ್ತೆ ಸಿಗೋಣ.