ಯವನ ಅಂದ್ರೆ ಯಾರು?

ಹೈಸ್ಕೂಲಲ್ಲಿ ಪಾಠದ ಮಧ್ಯೆ 'ಯವನರು' ಅನ್ನೋ ಪದ ಬಂತು. "ಹಂಗಂದ್ರೆ ಸಾಬ್ರು ಕಣ್ರೋ" ಅಂದ್ರು ಮೇಷ್ಟ್ರು. ಇಡೀ ಕ್ಲಾಸು ನನ್ನ ಪಕ್ಕ ಕೂತಿದ್ದ ಗೆಳೆಯನ ಕಡೆ ತಿರುಗಿ ನಕ್ಕಿತು. ಅವನು ತಲೆ ತಗ್ಗಿಸಿದ. ಅವರದು ದೇವನಹಳ್ಳಿ ಪಕ್ಕದ ವಿಜಯಪುರದಲ್ಲಿ ರೇಷ್ಮೆ ನೂಲು ತೆಗೆಯೋ ಮನೆ. ನಮ್ಮಂಥೋರು ಬೆಳೆದ ಗೂಡು ಅವರಂಥೋರ ಮನೇಲೇ ನೂಲಾಗ್ತಿತ್ತು.

ಆ ಪದದ ಜಾಡು ಹಿಡಿದು ಹೋದರೆ ಸಿಗೋದು ಗ್ರೀಕ್ ಪುರಾಣದ ಒಂದು ಮಗು. ಅಥೆನ್ಸಿನ ರಾಜಕುಮಾರಿ ಕ್ರೆಯೂಸಾಗೆ ಅಪೊಲೊ ದೇವರಿಂದ ಹುಟ್ಟಿದವನು ಅಯಾನ್. ತಾಯಿ ಅವನನ್ನು ಬುಟ್ಟಿಯಲ್ಲಿಟ್ಟು ಗುಹೆಯಲ್ಲಿ ಬಿಟ್ಟಳು. ಅಪ್ಪ ಅಮ್ಮ ಯಾರೆಂದು ತಿಳಿಯದೆ ಡೆಲ್ಫಿಯ ಗುಡಿಯಲ್ಲಿ ಕಸ ಗುಡಿಸಿಕೊಂಡು ಬೆಳೆದ. ನಮ್ಮ ಕರ್ಣ ನೆನಪಾಗ್ತಾನೆ ಅಲ್ವಾ? ಅಯೋನಿಯನ್ ಗ್ರೀಕರು ಇವನೇ ನಮ್ಮ ಮೂಲಪುರುಷ ಅಂದರು.

ಅಸಲಿಗೆ ಜನರ ಹೆಸರು ಮೊದಲು, ಕಥೆ ಆಮೇಲೆ. ನಮ್ಮ 'ಬೆಂದ ಕಾಳೂರು' ಇದ್ದಹಾಗೆ. ವೀರಬಲ್ಲಾಳ 12ನೇ ಶತಮಾನದವನು. 'ಬೆಂಗಳೂರು' ಅನ್ನೋ ಹೆಸರು ಸುಮಾರು 890ರ ಬೇಗೂರು ಶಾಸನದಲ್ಲೇ ಇದೆ.

ಈಗಿನ ಟರ್ಕಿಯ ಪಶ್ಚಿಮ ಕರಾವಳಿಯಲ್ಲಿದ್ದ ಈ ಅಯೋನಿಯನ್ನರನ್ನು ಪರ್ಷಿಯನ್ನರು 'ಯೌನ' ಅಂದರು. ಅದು ಪ್ರಾಕೃತದಲ್ಲಿ 'ಯೋನ', ಸಂಸ್ಕೃತದಲ್ಲಿ 'ಯವನ' ಆಯಿತು. ಅಶೋಕನ ಶಾಸನಗಳ 'ಯೋನರಾಜ' ಗ್ರೀಕ್ ದೊರೆ ಆಂಟಿಯೋಕಸ್. ಮಜಾ ಏನಂದ್ರೆ, ಹಳೆಯ ಗ್ರೀಕಿನಲ್ಲಿ ಈ ಹೆಸರೊಳಗೆ ಒಂದು 'ವ' ಇತ್ತು. ಅವರದನ್ನು ಕಳೆದುಕೊಂಡರು, ನಮ್ಮಲ್ಲಿ ಇನ್ನೂ ಉಳಿದಿದೆ, ಯಾರೂ ಮುಟ್ಟದ ಲೆಗಸಿ ಕೋಡ್ ಥರ.

ಆಮೇಲೆ ಪಡುವಣದಿಂದ ಬಂದ ರೋಮನ್ನರು, ಅರಬರು, ತುರ್ಕರು ಎಲ್ಲರಿಗೂ ಅದೇ ಹೆಸರಾಯಿತು. ಆಗಲೂ ಅದು ಬೈಗುಳವೇ ಆಗಬೇಕಿರಲಿಲ್ಲ. ಬಹಮನಿ ಸುಲ್ತಾನನನ್ನು ಮತ್ತೆ ಪಟ್ಟಕ್ಕೆ ಕೂರಿಸಿದ ಕೃಷ್ಣದೇವರಾಯ 'ಯವನರಾಜ್ಯ ಸ್ಥಾಪನಾಚಾರ್ಯ' ಅನ್ನೋದನ್ನು ಬಿರುದಾಗಿ ಹೊತ್ತಿದ್ದ.

ಅಂದರೆ ಯವನ ಅನ್ನೋದು ಧರ್ಮದ ಹೆಸರಲ್ಲ, ದೂರದಿಂದ ಬಂದವನ ಹೆಸರು. ತಲೆಮಾರುಗಳಿಂದ ಪಕ್ಕದಲ್ಲೇ ಇರೋನಿಗೆ ಅದು ಹೇಗೆ ಹೊಂದುತ್ತೆ?

ಮೊನ್ನೆ ಫೋನಲ್ಲಿ ಗೆಳೆಯನಿಗೆ ಇದನ್ನೆಲ್ಲ ಹೇಳಿದೆ. "ಹಂಗಾದ್ರೆ ನಾನು ಗ್ರೀಕಾ ಮಗಾ? ವೀಸಾ ಸಿಗುತ್ತಾ ಕೇಳು" ಅಂತ ನಕ್ಕ. ನಾನೂ ನಕ್ಕೆ. ಆದ್ರೆ ಒಂದು ಮಾತು ಬಾಯಿಗೆ ಬರಲೇ ಇಲ್ಲ, ಇಲ್ಲಿ ಬರೀತಿದೀನಿ: ಅವತ್ತು ಕ್ಲಾಸಲ್ಲಿ ನಕ್ಕವರಲ್ಲಿ ನಾನೂ ಒಬ್ಬ.