ಕಲ್ಯಾಣದ ಅರಸನ ಹರಿವಾಣದಲ್ಲಿ ಹಂದಿ ಮಾಂಸ

ಹಂದಿ ಮಾಂಸದ ಸಾರು ಎಂದೊಡನೆ ಕನ್ನಡಿಗರಿಗೆ ನೆನಪಾಗುವುದು ಕೊಡಗಿನ ಪಂದಿಕರಿ ಮತ್ತು ಅದರ ಜೊತೆಗಾರ ಕಡಂಬುಟ್ಟು. ಆದರೆ ಈ ಮಾಂಸದ ಅಡುಗೆಯನ್ನು ವಿವರವಾಗಿ ಬರೆದಿಟ್ಟ ಹಳೆಯ ಗ್ರಂಥವೊಂದು ಹುಟ್ಟಿದ್ದು ನಾಡಿನ ಇನ್ನೊಂದು ತುದಿಯಲ್ಲಿ, ಬೀದರ್ ಸೀಮೆಯಲ್ಲಿ.

ಕಮಠಾಣದಿಂದ ಪಶ್ಚಿಮಕ್ಕಿರುವ ಇಂದಿನ ಬಸವಕಲ್ಯಾಣ ಅಂದು ಚಾಲುಕ್ಯರ ರಾಜಧಾನಿ. ಅಲ್ಲಿ ಆಳಿದ ಮೂರನೆಯ ಸೋಮೇಶ್ವರ ಸುಮಾರು 1129ರಲ್ಲಿ ಸಂಸ್ಕೃತದಲ್ಲಿ ರಚಿಸಿದ 'ಮಾನಸೋಲ್ಲಾಸ'ದಲ್ಲಿ ಅರಸನ ಊಟಕ್ಕೆಂದೇ 'ಅನ್ನಭೋಗ' ಎಂಬ ಭಾಗವಿದೆ. ಹಂದಿಗೆ ಬಿಳಿ ಬಟ್ಟೆ ಹೊದಿಸಿ ಬಿಸಿನೀರು ಸುರಿದು ಕೂದಲು ತೆಗೆಯುವುದು, ಇಲ್ಲವೇ ಮಣ್ಣು ಮೆತ್ತಿ ಹುಲ್ಲಿನ ಬೆಂಕಿಯಲ್ಲಿ ಸುಡುವುದು, ಬಳಿಕ ಮಾಂಸವನ್ನು ಕೆಂಡದಲ್ಲಿ ಬಾಡಿಸಿ ಹುಳಿ ಬೆರೆಸಿ ಬೇಯಿಸುವುದು ಎಲ್ಲವೂ ಅದರಲ್ಲಿವೆ. ತಾಳೆಗರಿಯಂತೆ ತೆಳುವಾಗಿ ಸೀಳಿದ ತುಂಡುಗಳನ್ನು ಮಸಾಲೆ ಬೆರೆಸಿದ ಮೊಸರಿಗೆ ಹಾಕುತ್ತಿದ್ದರು.

ಮೆಣಸಿನಕಾಯಿ ಆಗಿನ್ನೂ ಭಾರತಕ್ಕೆ ಬಂದಿರಲಿಲ್ಲ. ಅದನ್ನು ತಂದವರು ನಂತರದ ಪೋರ್ಚುಗೀಸರು. ಕಲ್ಯಾಣದ ಅಡುಗೆಮನೆಗೆ ಖಾರ ಕೊಟ್ಟದ್ದು ಕಾಳುಮೆಣಸು ಮತ್ತು ಶುಂಠಿ. ಕೊಬ್ಬಿನ ಜಿಡ್ಡು ಮುರಿಯಲು ಹುಳಿ ಬೇಕು ಎಂಬುದನ್ನೂ ಅಂದಿನ ಬಾಣಸಿಗರು ಬಲ್ಲರು. ಕೊಡವರ ಪಂದಿಕರಿಯಲ್ಲಿ ಇಂದಿಗೂ ಆ ಕೆಲಸ ಮಾಡುವುದು ಕಪ್ಪನೆಯ ಕಾಚಂಪುಳಿ.

ಒಂದು ಅಡುಗೆಯಿಂದ ಇನ್ನೊಂದು ಹುಟ್ಟಿತೆಂದು ಇದರ ಅರ್ಥವಲ್ಲ. ಆದರೆ ಇಂದು ಹಲವರು ಕೀಳೆಂದು ಮೂಗು ಮುರಿಯುವ ಮಾಂಸ ಒಂಬೈನೂರು ವರ್ಷಗಳ ಹಿಂದೆ ಇದೇ ನೆಲದ ದೊರೆಯ ಹರಿವಾಣದಲ್ಲಿತ್ತು.