ಅಪ್ಪನ ಸಾಲ, ಮಗನ ಹೆಗಲು

ಇತಿಹಾಸ ಪಾಠ ಮಾಡುವ ನನಗೆ ವಂಶಾಡಳಿತದ ಮಾತು ಬಂದಾಗಲೆಲ್ಲ ಗ್ರೀಸಿನ ಪಪಾಂಡ್ರೂ ಮನೆತನ ನೆನಪಾಗುತ್ತದೆ. ಅಜ್ಜ, ಅಪ್ಪ, ಮಗ ಮೂವರೂ ಪ್ರಧಾನಿಗಳಾದವರು. ಆದರೆ ಈ ಮನೆಯಲ್ಲಿ ಕುರ್ಚಿ ಕೈಯಿಂದ ಕೈಗೆ ದಾಟಲಿಲ್ಲ. ನಡುವೆ ಸೆರೆಮನೆ ಬಂತು, ದೇಶ ಬಿಡುವ ಸಂಕಟ ಬಂತು.

ಅಜ್ಜ ಜಾರ್ಜಿಯೊಸ್ ಹುಟ್ಟಿದ್ದು 1888ರಲ್ಲಿ, ಪಾದ್ರಿಯೊಬ್ಬರ ಮಗನಾಗಿ. 1930ರಿಂದ ಎರಡು ವರ್ಷ ಶಿಕ್ಷಣ ಸಚಿವರಾಗಿದ್ದಾಗ ಹಳ್ಳಿಹಳ್ಳಿಗೆ ಶಾಲೆ ಕಟ್ಟಿಸಿದರು. 1964ರಲ್ಲಿ ಪ್ರಧಾನಿಯಾಗಿ ಶಿಕ್ಷಣವನ್ನು ಎಲ್ಲ ಹಂತದಲ್ಲೂ ಉಚಿತ ಮಾಡಿದರು, ಜನ ಆಡುವ ಭಾಷೆಯನ್ನು ಶಾಲೆಯೊಳಕ್ಕೆ ತಂದರು. ಈ ಮನೆತನದ ಅತಿ ದೊಡ್ಡ ಕೆಲಸ ಇದೇ ಎಂಬುದು ನನ್ನ ಎಣಿಕೆ. ಹಾಗೆಂದು ಅವರ ಮೇಲಿನ ಕಲೆಯನ್ನು ಮುಚ್ಚಿಡಲಾರೆ. ದೇಶವನ್ನು ಆಕ್ರಮಿಸಿದ್ದ ಜರ್ಮನ್ನರು ತೊಲಗಿದ ಮೇಲೆ, 1944ರ ಅಕ್ಟೋಬರ್ 18ರಂದು ಪ್ರಧಾನಿಯಾಗಿ ಅಥೆನ್ಸಿಗೆ ಮರಳಿದವರು ಅವರು. ಒಂದೂವರೆ ತಿಂಗಳಲ್ಲೇ ಅದೇ ಊರಿನಲ್ಲಿ ಪ್ರತಿಭಟನಾಕಾರರ ಮೇಲೆ ಪೊಲೀಸರು ಗುಂಡು ಹಾರಿಸಿದರು.

ಮಗ ಆಂಡ್ರಿಯಾಸ್ ಅಮೆರಿಕದ ಬರ್ಕ್ಲಿಯಲ್ಲಿ ಅರ್ಥಶಾಸ್ತ್ರದ ಪ್ರಾಧ್ಯಾಪಕ. ತಾಯ್ನಾಡಿಗೆ ಮರಳಿ ಅಪ್ಪನ ಸರ್ಕಾರ ಸೇರಿದರು. ಅಪ್ಪನಿಗಿಂತ ಎಡಕ್ಕೆ ವಾಲಿದವರು, ಮಾತು ಖಾರ. ಸೈನ್ಯದೊಳಗಿನ ಪಿತೂರಿಯೊಂದರಲ್ಲಿ ಅವರ ಹೆಸರು ಎಳೆದು ತರಲಾಯಿತು. ಅದೇ ಹೊತ್ತಿಗೆ ರಕ್ಷಣಾ ಖಾತೆ ಯಾರ ಕೈಯಲ್ಲಿರಬೇಕು ಎಂದು ಜಾರ್ಜಿಯೊಸ್‌ಗೂ ರಾಜ ಕಾನ್‌ಸ್ಟಂಟೈನ್‌ಗೂ ಜಟಾಪಟಿ ನಡೆದು, 1965ರ ಜುಲೈನಲ್ಲಿ ಸರ್ಕಾರವೇ ಬಿತ್ತು.

1967ರ ಏಪ್ರಿಲ್ 21ರ ನಸುಕು. ಸೈನ್ಯ ಅಧಿಕಾರ ಕಿತ್ತುಕೊಂಡ ರಾತ್ರಿ ಅದು. ಬಾಗಿಲು ಒಡೆದು ಸೈನಿಕರು ನುಗ್ಗಿದಾಗ ಆಂಡ್ರಿಯಾಸ್ ಮನೆಯ ಮೇಲ್ಛಾವಣಿಯಲ್ಲಿ ಅಡಗಿದ್ದರು. ಸೈನಿಕನೊಬ್ಬ ಹದಿನಾಲ್ಕರ ಮಗ ಜಾರ್ಜ್‌ನ ತಲೆಗೆ ಬಂದೂಕು ಹಿಡಿದು, ಅಪ್ಪ ಎಲ್ಲಿ ಹೇಳು ಎಂದ. ಆಂಡ್ರಿಯಾಸ್ ಹೊರಬಂದು ಶರಣಾದರು. ಆ ಹುಡುಗನೇ ಮುಂದೆ ಮೂರನೆಯ ಪ್ರಧಾನಿ. ಅಜ್ಜ ಗೃಹಬಂಧನಕ್ಕೊಳಗಾಗಿ 1968ರ ನವೆಂಬರ್ 1ರಂದು ತೀರಿಕೊಂಡರು. ಸಭೆ ಸೇರಿದರೆ ಜೈಲು ಎನ್ನುವ ಕಾಲದಲ್ಲಿ ಲಕ್ಷಾಂತರ ಜನ ಶವಯಾತ್ರೆಗೆ ಬಂದು ಸ್ವಾತಂತ್ರ್ಯದ ಘೋಷಣೆ ಕೂಗಿದರು.

ಸೆರೆಯಿಂದ ಬಿಡುಗಡೆಯಾಗಿ ದೇಶ ಬಿಟ್ಟಿದ್ದ ಆಂಡ್ರಿಯಾಸ್, ಸೈನಿಕ ಆಡಳಿತ ಉರುಳಿದ 1974ರಲ್ಲೇ ಮರಳಿ 'ಪಾಸಾಕ್' ಪಕ್ಷ ಕಟ್ಟಿದರು. 1981ರಲ್ಲಿ ಚುನಾವಣೆ ಗೆದ್ದ ದಿನವೂ, ಅಪ್ಪ ಅಥೆನ್ಸಿಗೆ ಮರಳಿದ ದಿನದಂತೆ, ಅಕ್ಟೋಬರ್ 18. ಸಿವಿಲ್ ಮದುವೆಗೆ ಕಾನೂನಿನ ಮಾನ್ಯತೆ, ರಾಷ್ಟ್ರೀಯ ಆರೋಗ್ಯ ಸೇವೆ, 1983ರಲ್ಲಿ ವರದಕ್ಷಿಣೆ ರದ್ದು ಎಲ್ಲವೂ ಅವರ ಕಾಲದವು. (ವರದಕ್ಷಿಣೆ ನಮ್ಮಲ್ಲಿ ಕಾನೂನಿನ ಪ್ರಕಾರ ನಿಂತದ್ದು 1961ರಲ್ಲಿ.) ಅಣ್ವಸ್ತ್ರ ವಿರೋಧಿಸಿ ಇಂದಿರಾ ಗಾಂಧಿಯವರ ಜೊತೆ ಆರು ದೇಶಗಳ ಕರೆಗೆ ಸಹಿ ಹಾಕಿದವರೂ ಇವರೇ. ಬಡವರಿಗೆ ಮೊದಲ ಸಲ ಸರ್ಕಾರ ತಮ್ಮದು ಅನ್ನಿಸಿತು. ಆದರೆ ಇದೆಲ್ಲ ನಡೆದದ್ದು ಬಹುಪಾಲು ಸಾಲದ ಹಣದಲ್ಲಿ, ಪಕ್ಷದವರಿಗೆ ಸರ್ಕಾರಿ ನೌಕರಿ ಹಂಚುತ್ತಾ.

2009ರಲ್ಲಿ ಜಾರ್ಜ್ ಗೆದ್ದು ಖಜಾನೆ ತೆರೆದರೆ, ಕೊರತೆ ಎದುರಾಳಿ ಪಕ್ಷದ ಹಿಂದಿನ ಕರಮಾನ್ಲಿಸ್ ಸರ್ಕಾರ ಹೇಳಿದ್ದಕ್ಕಿಂತ ಬಹಳ ಹೆಚ್ಚಿತ್ತು. ಸಾಲ ಬೆಳೆಸಿದವರಲ್ಲಿ ಎರಡೂ ಪಕ್ಷಗಳಿದ್ದವು. ತೀರಿಸುವ ಪಾಳಿ ಮಾತ್ರ ಇವರದಾಯಿತು. 2010ರ ಏಪ್ರಿಲ್ 23ರಂದು ಕಾಸ್ಟೆಲೊರಿಜೊ ಎಂಬ ಪುಟ್ಟ ದ್ವೀಪದಲ್ಲಿ, ಬಂದರನ್ನು ಬೆನ್ನಿಗಿಟ್ಟು ನಿಂತು, ಹೊರಗಿನ ನೆರವು ಬೇಡುತ್ತಿದ್ದೇವೆ ಎಂದು ಟಿವಿಯಲ್ಲಿ ಹೇಳಿದರು. ಮಂಜೂರಾದದ್ದು 11,000 ಕೋಟಿ ಯೂರೊ ಸಾಲ. ಪಿಂಚಣಿಗೆ ಕತ್ತರಿ ಬಿತ್ತು, ಸಂಬಳ ಇಳಿಯಿತು. ಮರುವರ್ಷ, ನೆರವಿನ ಷರತ್ತುಗಳನ್ನು ಒಪ್ಪಬೇಕೇ ಎಂದು ಜನರನ್ನೇ ಕೇಳೋಣ ಎನ್ನುತ್ತಾ ಜನಮತಗಣನೆ ಘೋಷಿಸಿದರು. ಯುರೋಪಿನ ನಾಯಕರು ಸಿಟ್ಟಾದರು, ಸ್ವಪಕ್ಷೀಯರೂ ಕೈಬಿಟ್ಟರು, ನವೆಂಬರ್‌ನಲ್ಲಿ ಅಧಿಕಾರ ಹೋಯಿತು. ಕೇಳಿದ್ದು ಸರಿ ಎನ್ನುತ್ತೇನೆ ನಾನು. ಕೇಳಬೇಕಾಗಿದ್ದದ್ದು ಮೊದಲ ಕಂತು ಪಡೆಯುವ ಮುನ್ನ.

2015ರಲ್ಲಿ ಜಾರ್ಜ್ ಅಪ್ಪ ಕಟ್ಟಿದ ಪಕ್ಷ ಬಿಟ್ಟು ಬೇರೆ ಪಕ್ಷ ಮಾಡಿದರು. ಅದಕ್ಕೆ ಒಂದು ಸೀಟೂ ಸಿಗಲಿಲ್ಲ. 2009ರಲ್ಲಿ ಶೇ 44ರಷ್ಟು ಮತ ಪಡೆದಿದ್ದ ಪಾಸಾಕ್ ಆ ಸಲ ಶೇ 5ನ್ನೂ ಮುಟ್ಟಲಿಲ್ಲ.